50 ಲಕ್ಷ ಸಾಲ, ಕೋಟಿ ಲೆಕ್ಕ

50 ಲಕ್ಷ ಹೋಮ್ ಲೋನ್ ತಗೊಂಡ್ರೆ,
ಬ್ಯಾಂಕಿಗೆ ಒಟ್ಟು ಎಷ್ಟು ಕಟ್ತೀರ, ಗೊತ್ತಾ?

ಬಡ್ಡಿ 8.5 ಪರ್ಸೆಂಟ್,
ಅವಧಿ 20 ವರ್ಷ ಅಂದ್ಕೊಳ್ಳಿ.
ತಿಂಗಳ ಕಂತು ಸುಮಾರು 43,400.
ಒಟ್ಟು? 1 ಕೋಟಿ 4 ಲಕ್ಷ!
ಬಡ್ಡಿನೇ 54 ಲಕ್ಷ. ಅಸಲಿಗಿಂತ ಜಾಸ್ತಿ.

ಮೊದಲ ಕಂತು ನೋಡಿ.
ಅದರಲ್ಲಿ 35,400 ಬಡ್ಡಿಗೇ ಹೋಯ್ತು.
ಅಸಲು ಇಳಿದಿದ್ದು ಬರೀ 8,000.
ಮದುವೆ ಊಟದ ಥರ ಇದು.
ಬಡ್ಡಿ ಮೊದಲ ಪಂಕ್ತೀಲಿ ಕೂತು ಹೊಟ್ಟೆ ತುಂಬಾ ಉಣ್ಣುತ್ತೆ.
ಅಸಲಿಗೆ ಕೊನೇ ಪಂಕ್ತಿ.
ಅಷ್ಟೊತ್ತಿಗೆ ಹೋಳಿಗೆ ಖಾಲಿ!

"ಕಂತು ಭಾರ ಆಯ್ತು, 30 ವರ್ಷ ಮಾಡಿ" ಅಂತೀರಾ?
ತಿಂಗಳಿಗೆ ಸುಮಾರು 5,000 ಉಳಿಯುತ್ತೆ, ನಿಜ.
ಆದ್ರೆ ಬಡ್ಡಿ? 88 ಲಕ್ಷ!

ಅಂದಹಾಗೆ, ಬಡ್ಡಿ ದರ ಏರಿದ್ರೂ
ಕಂತು ಹಾಗೇ ಇದೆ ಅಂತ ಖುಷಿಪಡಬೇಡಿ.
ಎಷ್ಟೋ ಸಲ ಸದ್ದಿಲ್ಲದೆ ಅವಧಿ ಉದ್ದ ಆಗಿರುತ್ತೆ.
ಲೋನ್ ಸ್ಟೇಟ್‌ಮೆಂಟ್ ತೆಗೆದು ನೋಡಿ.

ಬೋನಸ್ ಬಂತಾ?
ವರ್ಷಕ್ಕೆ ಒಂದೇ ಒಂದು ಕಂತು ಜಾಸ್ತಿ ಕಟ್ಟಿ.
20 ವರ್ಷದ ಸಾಲ
ಸುಮಾರು ಮೂರು ವರ್ಷ ಮೊದಲೇ ತೀರುತ್ತೆ.
ಫ್ಲೋಟಿಂಗ್ ದರದ ಸಾಲ ಆದ್ರೆ ಇದಕ್ಕೆ ದಂಡ ಇಲ್ಲ,
ಆರ್‌ಬಿಐ ನಿಯಮಾನೇ ಇದೆ.
ಕಟ್ಟುವಾಗ ಮಾತ್ರ,
"ಕಂತು ಹಾಗೇ ಇರಲಿ, ಅವಧಿ ಕಡಿಮೆ ಮಾಡಿ" ಅಂತ
ಬ್ಯಾಂಕಿನವರಿಗೆ ಬರೆದುಕೊಡಿ.