ಹಗ್ಗದ ಇನ್ನೊಂದು ತುದಿ

ದಾರಿ ತೋರಿಸುವುದೂ ಒಂದು ಉದ್ಯೋಗ. ನಮ್ಮ ಕಡೆಯಿಂದ ಶ್ರೀಶೈಲಕ್ಕೆ ಪಾದಯಾತ್ರೆ ಹೋಗುವವರ ಜೊತೆ ಅಡವಿ ದಾರಿ ಬಲ್ಲ ಹಿರಿಯರು ಇರ್ತಾರಲ್ಲ, ಹಾಂಗ ಫ್ರಾನ್ಸ್ ದೇಶದ ಆಲ್ಪ್ಸ್ ಪರ್ವತದಲ್ಲಿ ಗೈಡುಗಳಿದ್ದಾರೆ. ಶಾಮೊನಿ ಎಂಬ ಊರಿನಲ್ಲಿ ಅವರ ಸಂಘ 1821ರಲ್ಲೇ ಹುಟ್ಟಿತು. ಗೈಡ್ ಮತ್ತು ಅವನ ಜೊತೆಗಾರ ಒಂದೇ ಹಗ್ಗ ಕಟ್ಟಿಕೊಂಡು ಏರುತ್ತಾರೆ. ಒಬ್ಬ ಜಾರಿದರೆ ಇನ್ನೊಬ್ಬ ಹಿಡಿಯಬೇಕು. ಎಲ್ಲಿಂದ ತಿರುಗಿ ಬರಬೇಕು ಅಂತ ಹೇಳುವುದೂ ಗೈಡನ ಕೆಲಸ.

ಲೂಯಿ ಲಾಶೆನಾಲ್ ಅಂಥ ಗೈಡ್. ಹುಟ್ಟಿದ್ದು 1921ರಲ್ಲಿ, ಆನ್ಸಿ ಪಟ್ಟಣದಲ್ಲಿ. 1947ರಲ್ಲಿ ಗೆಳೆಯ ಲಿಯೊನೆಲ್ ಟೆರೆ ಜೊತೆ ಸ್ವಿಟ್ಜರ್ಲೆಂಡಿನ ಐಗರ್ ಪರ್ವತದ ಭಯಂಕರ ಉತ್ತರ ಗೋಡೆಯನ್ನು ಏರಿದ. ಆ ಗೋಡೆಯನ್ನು ಏರಿದ ಎರಡನೇ ತಂಡ ಅವರದು.

1950ರಲ್ಲಿ ಫ್ರಾನ್ಸಿನ ತಂಡ ನೇಪಾಳದ ಅನ್ನಪೂರ್ಣಾ ಏರಲು ಬಂತು. ಅದರ ಎತ್ತರ 8091 ಮೀಟರ್. ನಮ್ಮ ಗೋಕಾಕ ಫಾಲ್ಸ್ 52 ಮೀಟರ್. ಅಂಥ ಸುಮಾರು 156 ಫಾಲ್ಸ್ ಒಂದರ ಮ್ಯಾಲ ಒಂದು ಇಟ್ಟರ ಅಷ್ಟಾಗ್ತದ! ಅಲ್ಲಿಯವರೆಗೆ 8000 ಮೀಟರ್ ಮೀರಿದ ಯಾವ ಶಿಖರವನ್ನೂ ಯಾರೂ ಮುಟ್ಟಿರಲಿಲ್ಲ.

ಜೂನ್ 3ರಂದು ನಾಯಕ ಮೊರಿಸ್ ಎರ್ಜೋಗ್ ಮತ್ತು ಲಾಶೆನಾಲ್ ಕೊನೆಯ ಡೇರೆಯಿಂದ ಹೊರಟರು. ಆಕ್ಸಿಜನ್ ಸಿಲಿಂಡರ್ ಇರಲಿಲ್ಲ. ಕಾಲಿಗೆ ಚರ್ಮದ ಬೂಟು. ಅತಿ ಚಳಿಯಲ್ಲಿ ರಕ್ತನಾಳಗಳು ಸಂಕುಚಿತವಾಗಿ ಬೆರಳಿನ ತನಕ ರಕ್ತ ಹೋಗುವುದಿಲ್ಲ. ಮೊದಲು ಜೋಮು, ಆಮೇಲೆ ಮಾಂಸವೇ ಹೆಪ್ಪುಗಟ್ಟಿ ಸಾಯುತ್ತದೆ. ಲಾಶೆನಾಲನಿಗೆ ಇದು ಗೊತ್ತಿತ್ತು. ಕಾಲು ಹೋದರೆ ಗೈಡನ ಹೊಟ್ಟೆಪಾಡೇ ಹೋದಂತೆ. ‘ನಾನು ತಿರುಗಿದರೆ ಏನ್ಮಾಡ್ತೀ?’ ಅಂತ ಕೇಳಿದ. ‘ಒಬ್ಬನೇ ಹೋಗ್ತೀನಿ’ ಅಂದ ಎರ್ಜೋಗ್. ಒಬ್ಬನೇ ಹೋದರೆ ಅವನು ಮರಳಿ ಬರುವುದಿಲ್ಲ ಎಂದು ತಿಳಿದ ಲಾಶೆನಾಲ್ ಜೊತೆಗೇ ನಡೆದ. ಇಬ್ಬರೂ ಶಿಖರ ಮುಟ್ಟಿದರು.

ಇಳಿಯುವಾಗ ಬಿರುಗಾಳಿ ಎದ್ದಿತು. ಕೆಳಗೆ ಕಾಯುತ್ತಿದ್ದ ಟೆರೆ ಮತ್ತು ರೆಬುಫಾ ಎಂಬ ಗೈಡುಗಳು ಇವರ ಜೀವ ಉಳಿಸಲು ಹೆಣಗಿದರು. ಮಳೆಗಾಲದ ಕಾಡಿನಲ್ಲಿ ಗಾಯಾಳುಗಳನ್ನು ಹೊತ್ತು ತಂದವರು ಶೆರ್ಪಾಗಳು ಮತ್ತು ಕೂಲಿಗಳು. ಶೆರ್ಪಾಗಳ ಮುಖಂಡ ಆಂಗ್ ಥಾರ್ಕೆ. ಎರ್ಜೋಗ್ ಕೈಕಾಲುಗಳ ಬೆರಳು ಕಳೆದುಕೊಂಡ. ಲಾಶೆನಾಲನ ಕಾಲ್ಬೆರಳು ಎಲ್ಲವೂ ಹೋದವು. ಅನೇಕ ಆಪರೇಷನ್ ಆದ ಮೇಲೂ ಅವನು ಮತ್ತೆ ಪರ್ವತ ಏರಿದ. 1955ರಲ್ಲಿ ಶಾಮೊನಿಯ ಹತ್ತಿರ ಹಿಮದ ಬಿರುಕಿನಲ್ಲಿ ಬಿದ್ದು ತೀರಿಕೊಂಡ.

ಗೆದ್ದ ನಾಯಕನ ಹೆಸರು ಎಲ್ಲರಿಗೂ ಸಿಗ್ತದ. ಜೊತೆಗೆ ನಡೆದವರ, ಬೆನ್ನ ಮೇಲೆ ಹೊತ್ತು ತಂದವರ ಹೆಸರನ್ನೂ ನಾವು ಕೇಳಿ ತಿಳ್ಕೋಬೇಕು.