ಹಾಡು ಒಬ್ಬರದು, ಗುಂಡಿನ ಮಳೆ ಇನ್ನೊಬ್ಬರದು

ಪರದೆಯ ಮೇಲೆ ಒಂದು ಪುಟ್ಟ ಚೌಕ. ಅದರತ್ತ ಗುಲಾಬಿ ಬಣ್ಣದ ವೃತ್ತಗಳು, ಗೆರೆಗಳು, ಚೂಪು ಮುಳ್ಳುಗಳು ನುಗ್ಗಿ ಬರುತ್ತವೆ. ಚೌಕದ ಬಳಿ ಆಯುಧವಿಲ್ಲ, ತಪ್ಪಿಸಿಕೊಳ್ಳುವುದೊಂದೇ ದಾರಿ. ಆದರೆ ಈ ದಾಳಿ ಬೇಕಾಬಿಟ್ಟಿಯಾಗಿ ನಡೆಯುವುದಿಲ್ಲ. ಹಿನ್ನೆಲೆಯ ಹಾಡಿನ ಪೆಟ್ಟಿಗೆ ಸರಿಯಾಗಿ ಗುಂಡು ಸಿಡಿಯುತ್ತದೆ. ಕೆನಡಾದ ಕ್ವಿಬೆಕ್ ನಗರದ ಬರ್ಜರ್ಕ್ ಸ್ಟುಡಿಯೋ 2018ರಲ್ಲಿ ಹೊರತಂದ ‘ಜಸ್ಟ್ ಶೇಪ್ಸ್ ಅಂಡ್ ಬೀಟ್ಸ್’ ಎಂಬ ವಿಡಿಯೊ ಗೇಮ್‌ನ ತಿರುಳು ಇಷ್ಟೆ.

ಗುಂಡಿನ ಸುರಿಮಳೆಯ ಆಟಗಳು ಹೊಸವೇನಲ್ಲ. 1990ರ ದಶಕದಲ್ಲಿ ಜಪಾನಿನ ವಿಡಿಯೊ ಗೇಮ್ ಅಂಗಡಿಗಳಲ್ಲಿ ಇವು ಬೆಳೆದವು. ಅಲ್ಲಿ ಇವಕ್ಕೆ ‘ದನ್ಮಾಕು’, ಅಂದರೆ ಗುಂಡಿನ ಪರದೆ ಎಂದು ಹೆಸರು. ಆ ಆಟಗಳಲ್ಲಿ ಗುಂಡು ಹಾರಿಸುವುದು ಶತ್ರುಪಡೆ. ಇಲ್ಲಿ ಹಾಡೇ ಶತ್ರು. ಹಾಗಾಗಿ ಕಣ್ಣಿನಷ್ಟೇ ಕಿವಿಯೂ ಚುರುಕಾಗಿರಬೇಕು.

ಇಂಥ ಆಟ ಮೆಚ್ಚಿದವರಿಗೆ ತಮ್ಮ ಇಷ್ಟದ ಹಾಡಿಗೂ ಒಂದು ಹಂತ ಕಟ್ಟುವ ಆಸೆ ಹುಟ್ಟುವುದು ಸಹಜ. ಕೆನಡಾದ ಆಟ ಬಂದಾಗ ಅದರಲ್ಲಿ ಆ ಸೌಲಭ್ಯವಿರಲಿಲ್ಲ. 2019ರಲ್ಲಿ ಆರಂಭಿಕ ರೂಪದಲ್ಲಿ ಮಾರಾಟಕ್ಕೆ ಬಂದ ‘ಪ್ರಾಜೆಕ್ಟ್ ಅರಿದ್ಮಿಯ’ ಆ ಕೊರತೆ ತುಂಬಿತು. ಹಂತ ಕಟ್ಟುವ ಸಲಕರಣೆಯೇ ಈ ಆಟದ ಜೀವಾಳ. ಆಟಗಾರರು ತಾವು ಕಟ್ಟಿದ್ದನ್ನು ಇತರರಿಗೂ ಆಡಲು ಕೊಡಬಹುದು.

ಕಟ್ಟುವ ಕೆಲಸ ಮಾತ್ರ ಸುಲಭದ್ದಲ್ಲ. ಮೊದಲು ಹಾಡನ್ನು ಕಾಲದ ಪಟ್ಟಿಯ ಮೇಲೆ ಹಾಸಬೇಕು. ಪ್ರತಿಯೊಂದು ಆಕೃತಿ ಯಾವ ಕ್ಷಣಕ್ಕೆ ಹುಟ್ಟಬೇಕು, ಎಲ್ಲಿಗೆ ಸರಿಯಬೇಕು, ಎಷ್ಟು ತಿರುಗಬೇಕು, ಯಾವಾಗ ಮಾಯವಾಗಬೇಕು ಎಂಬುದನ್ನೆಲ್ಲ ಗುರುತಿಸಬೇಕು. ನಿಮಿಷಕ್ಕೆ 120 ಪೆಟ್ಟುಗಳಿರುವ ಮೂರು ನಿಮಿಷದ ಹಾಡಿನಲ್ಲೇ 360 ಪೆಟ್ಟುಗಳಿರುತ್ತವೆ. ಒಂದೊಂದು ಪೆಟ್ಟಿಗೂ ಹಲವು ಆಕೃತಿಗಳೆಂದರೆ ಕೆಲಸವೆಷ್ಟು ಎಂಬುದನ್ನು ಊಹಿಸಬಹುದು.

ಅದಕ್ಕಿಂತ ಕಷ್ಟದ್ದು ನ್ಯಾಯದ ಪ್ರಶ್ನೆ. ಗುಂಡು ಎಲ್ಲಿಂದ ಬರುತ್ತದೆಂದು ಕಟ್ಟಿದವನಿಗೆ ಗೊತ್ತು, ಹೊಸಬನಿಗೆ ಗೊತ್ತಿಲ್ಲ. ಏಟು ಬೀಳುವ ಮುನ್ನ ಮಸುಕಾದ ಗುರುತೊಂದು ಕಾಣದಿದ್ದರೆ ಅದು ಆಟವಲ್ಲ, ಮೋಸ. ಅಲಂಕಾರದ ಆಕೃತಿ ಯಾವುದು, ಅಪಾಯದ್ದು ಯಾವುದು ಎಂಬುದೂ ನೋಟಕ್ಕೇ ತಿಳಿಯಬೇಕು. ಸ್ವೀಡನ್ನಿನ ರಾಬರ್ಟ್ ಟೊಪಾಲ 2013ರಲ್ಲಿ ಹೊರತಂದ ‘ಜ್ಯಾಮಿಟ್ರಿ ಡ್ಯಾಶ್’ ಎಂಬ ನೆಗೆದಾಟದಲ್ಲಿ ಇದಕ್ಕೊಂದು ಕಟ್ಟಳೆಯುಂಟು. ಹಂತವನ್ನು ಕಟ್ಟಿದವನು ತಾನೇ ಅದನ್ನು ಕೊನೆಯವರೆಗೆ ಆಡಿ ಗೆಲ್ಲದೆ ಪ್ರಕಟಿಸುವಂತಿಲ್ಲ. ದಾಟಲಾಗದ ಹಂತಗಳಿಗೆ ಇದರಿಂದ ತಡೆ ಬಿತ್ತು. ಕಠಿಣತೆಗೇನೂ ಮಿತಿ ಬೀಳಲಿಲ್ಲ.

ಇಷ್ಟೆಲ್ಲ ದುಡಿದರೂ ಹಾಡು ಮಾತ್ರ ಬೇರೆಯವರ ಸ್ವತ್ತು. ‘ಜ್ಯಾಮಿಟ್ರಿ ಡ್ಯಾಶ್’ನ ಆಟಗಾರರಿಗೆ ಬಹುಕಾಲ ‘ನ್ಯೂಗ್ರೌಂಡ್ಸ್’ ಎಂಬ ಅಮೆರಿಕದ ಜಾಲತಾಣದ ಸಂಗೀತವೇ ಮುಖ್ಯ ಆಸರೆಯಾಗಿತ್ತು. ಸಂಗೀತಗಾರ ತನ್ನ ಹಾಡನ್ನು ಹಿಂತೆಗೆದುಕೊಂಡರೆ ಅದು ಅವನ ಹಕ್ಕು, ಯಾರೂ ಆಕ್ಷೇಪಿಸುವಂತಿಲ್ಲ. ಆದರೆ ಆ ಹಾಡನ್ನೇ ನಂಬಿ ವಾರಗಟ್ಟಲೆ ಕಟ್ಟಿದ ಹಂತದ ಗತಿಯೇನು? ಅದು ಅಳಿಯುವುದಿಲ್ಲ, ಮೂಕವಾಗುತ್ತದೆ. ಮುಳ್ಳುಗಳು ಅದೇ ಹೊತ್ತಿಗೆ ಎದುರಾಗುತ್ತವೆ; ಯಾಕೆ ಆ ಹೊತ್ತಿಗೇ ಎಂದು ಹೇಳುವ ತಾಳ ಇರುವುದಿಲ್ಲ. ಹೊಸದಾಗಿ ಬಂದವನಿಗೆ ಅದು ಅರ್ಥವಿಲ್ಲದ ಅಡೆತಡೆಗಳ ಸಾಲಷ್ಟೆ.

ಹಂತ ಕಟ್ಟುವ ಮುನ್ನ ಹಾಡಿನ ಒಡೆಯನ ಒಪ್ಪಿಗೆ ಇದೆಯೇ ಎಂದು ನೋಡಿಕೊಳ್ಳುವುದು ಆದ್ದರಿಂದಲೇ ಬರೀ ಸೌಜನ್ಯದ ಮಾತಲ್ಲ. ಕಟ್ಟಿದವನ ದುಡಿಮೆ ಉಳಿಯುವುದೂ ಅದರಿಂದಲೇ.