ಮಾತು ಬಂದ ಮೇಲಿನ ನಗೆಚಿತ್ರಗಳು

ಲಾರೆಲ್ ಮತ್ತು ಹಾರ್ಡಿ ಜೋಡಿಯ ಮೊದಲ ಟಾಕಿ ಕಿರುಚಿತ್ರ 'ಅನ್‌ಅಕಸ್ಟಮ್ಡ್ ಆ್ಯಸ್ ವಿ ಆರ್' 1929ರಲ್ಲಿ ಬಿಡುಗಡೆಯಾಯಿತು. ಅಮೆರಿಕದ ಚಿತ್ರಮಂದಿರಗಳಲ್ಲಿ ಮುಖ್ಯ ಚಿತ್ರದ ಜೊತೆಗೆ ಇಂಥ ಎರಡು ರೀಲಿನ, ಸುಮಾರು 20 ನಿಮಿಷದ ನಗೆಚಿತ್ರಗಳನ್ನು ತೋರಿಸುವ ರೂಢಿಯಿತ್ತು. ಎಡವುವುದು, ಬೀಳುವುದು, ಏಟು ತಿನ್ನುವುದೇ ಇವುಗಳ ಬಂಡವಾಳ. ಇದನ್ನು ಸ್ಲಾಪ್‌ಸ್ಟಿಕ್ ಎನ್ನುತ್ತಾರೆ.

ಧ್ವನಿ ಬಂದದ್ದು ಈ ಹಾಸ್ಯಕ್ಕೆ ಮೊದಮೊದಲು ತೊಡಕೇ ಆಯಿತು. ಮೂಕಿ ಚಿತ್ರಗಳಲ್ಲಿ ಕ್ಯಾಮೆರಾವನ್ನು ನಿಧಾನವಾಗಿ ತಿರುಗಿಸಿ, ತೆರೆಯ ಮೇಲೆ ಓಡಾಟದ ವೇಗ ಹೆಚ್ಚಿಸುತ್ತಿದ್ದರು. ಟಾಕಿಗೆ ಸೆಕೆಂಡಿಗೆ 24 ಫ್ರೇಮ್ ಎಂದು ನಿಗದಿಯಾದ ಮೇಲೆ, ಮಾತಾಡುವ ದೃಶ್ಯದಲ್ಲಿ ಆ ಉಪಾಯ ನಡೆಯಲಿಲ್ಲ. ಯಂತ್ರದ ಸದ್ದು ಮೈಕಿಗೆ ಸಿಗದಂತೆ ಕ್ಯಾಮೆರಾವನ್ನೇ ಮುಚ್ಚಿಡಬೇಕಾಗಿ, ಅದರ ಓಡಾಟವೂ ಕುಂಠಿತವಾಯಿತು.

ಲಾರೆಲ್–ಹಾರ್ಡಿಗೆ ಇದರಿಂದ ಹೆಚ್ಚು ಪೆಟ್ಟು ಬೀಳಲಿಲ್ಲ, ಏಕೆಂದರೆ ಅವರ ಹಾಸ್ಯ ಮೊದಲಿನಿಂದಲೂ ನಿಧಾನದ್ದು. ಪೆಟ್ಟು ತಿಂದ ಹಾರ್ಡಿ ಕ್ಯಾಮೆರಾವನ್ನೇ ದಿಟ್ಟಿಸುತ್ತಾರೆ; ಪ್ರೇಕ್ಷಕರು ನಕ್ಕು ಮುಗಿಸುವಷ್ಟು ಹೊತ್ತು ಸಿಗುತ್ತದೆ, ಮುಂದಿನ ಮಾತು ನಗೆಯಲ್ಲಿ ಮುಳುಗುವುದಿಲ್ಲ. ಬೀಳುವುದನ್ನು ತೋರಿಸದೆ ಬಿದ್ದ ಸದ್ದನ್ನಷ್ಟೇ ಕೇಳಿಸುವ ತಂತ್ರವನ್ನೂ ಅವರು ಬೇಗ ಕಂಡುಕೊಂಡರು. ಕಾಣದ ಬೀಳುವಿಕೆಯನ್ನು ಪ್ರೇಕ್ಷಕರು ತಾವೇ ಊಹಿಸಿಕೊಳ್ಳುತ್ತಾರೆ, ಅದು ಕಂಡದ್ದಕ್ಕಿಂತ ದೊಡ್ಡದಾಗಿರುತ್ತದೆ.

ಈ ಕಲೆಯ ಶಿಖರ 1932ರ 'ದಿ ಮ್ಯೂಸಿಕ್ ಬಾಕ್ಸ್'. ನಿರ್ಮಾಪಕ ಹಾಲ್ ರೋಚ್, ನಿರ್ದೇಶಕ ಜೇಮ್ಸ್ ಪ್ಯಾರಟ್. ಮೂರು ರೀಲಿನ ಈ ಚಿತ್ರದ ಕಥೆ ಒಂದೇ ಸಾಲಿನದು: ಲಾಸ್ ಏಂಜಲೀಸ್‌ನ ಕಡಿದಾದ ಮೆಟ್ಟಿಲುಗಳ ಮೇಲೆ ಇಬ್ಬರು ಪಿಯಾನೊ ಹೊತ್ತೊಯ್ಯಬೇಕು. ಮರದ ಪೆಟ್ಟಿಗೆ ಜಾರಿ ಕೆಳಗುರುಳಿದಾಗಲೆಲ್ಲ ಒಳಗಿನ ತಂತಿಗಳು ಝಣಗುಟ್ಟುತ್ತವೆ. ಮೂಕಿಯಲ್ಲಿ ಬರಿಯ ಪೆಟ್ಟಿಗೆಯಾಗಿರುತ್ತಿದ್ದದ್ದು ಇಲ್ಲಿ ನರಳುವ ಮೂರನೆಯ ಪಾತ್ರವೇ ಆಗಿಬಿಡುತ್ತದೆ. ಮೇಲೆ ತಲುಪಿದ ಮೇಲೆ, ಬಳಸಿಕೊಂಡು ಬರಲು ರಸ್ತೆಯಿತ್ತೆಂದು ಅಂಚೆಯವನು ಹೇಳುತ್ತಾನೆ. ಪಿಯಾನೊವನ್ನು ಮತ್ತೆ ಕೆಳಗಿಳಿಸಿ, ಗಾಡಿಗೆ ಹೇರಿ, ಆ ರಸ್ತೆಯಲ್ಲೇ ತರುತ್ತಾರೆ! ಕೊನೆಗೆ ಪಿಯಾನೊ ಕಂಡರಾಗದ ಮನೆಯ ಯಜಮಾನ ಅದನ್ನು ಕೊಡಲಿಯಿಂದ ಕಡಿಯುತ್ತಾನೆ. ಪಿಯಾನೊದಲ್ಲಿ ರಾಷ್ಟ್ರಗೀತೆ ನುಡಿದಾಗ ಮಾತ್ರ ಕೊಡಲಿ ನಿಲ್ಲಿಸಿ ವಂದಿಸುತ್ತಾನೆ. ಹಾಸ್ಯ ಕಿರುಚಿತ್ರಕ್ಕೆ ಮೊದಲ ಸಲ ನೀಡಿದ ಆಸ್ಕರ್ ಈ ಚಿತ್ರಕ್ಕೇ ಸಂದಿತು.

ಕೊಲಂಬಿಯಾ ಸಂಸ್ಥೆಯಲ್ಲಿ 1934ರಲ್ಲಿ ಕಿರುಚಿತ್ರಗಳನ್ನು ಆರಂಭಿಸಿದ 'ತ್ರೀ ಸ್ಟೂಜಸ್' ತಂಡದ್ದು ಒರಟು ದಾರಿ. ಕಣ್ಣಿಗೆ ತಿವಿದರೆ ತಂತಿ ಮೀಟಿದ ಸದ್ದು, ಕೆನ್ನೆಗೆ ಹೊಡೆದರೆ ಚಾಟಿಯ ಸದ್ದು. ನಿಜವಲ್ಲದ ಈ ಸದ್ದುಗಳೇ ಹೊಡೆತದ ನೋವನ್ನು ಮರೆಸಿ ನಗಿಸುತ್ತಿದ್ದವು.

ಒಂದೇ ಟಿಕೆಟ್ಟಿಗೆ ಎರಡು ಪೂರ್ಣ ಚಿತ್ರ ತೋರಿಸುವ ಪದ್ಧತಿ ಹಬ್ಬಿದಂತೆ ಕಿರುಚಿತ್ರಗಳಿಗೆ ಜಾಗ ಕಡಿಮೆಯಾಯಿತು. 1935ರ ನಂತರ ಲಾರೆಲ್–ಹಾರ್ಡಿ ಪೂರ್ಣಾವಧಿ ಚಿತ್ರಗಳಿಗೇ ಹೊರಳಿದರು. ಸ್ಟೂಜಸ್ ತಂಡದ ಕಿರುಚಿತ್ರಗಳು 1959ರವರೆಗೂ ಬರುತ್ತಿದ್ದು, ಅವುಗಳ ಸಂಖ್ಯೆ 190 ಮುಟ್ಟಿತು. ಅಷ್ಟರಲ್ಲಿ ಹಳೆಯವು ಟಿವಿಗೆ ಬಂದು, ಹೊಸ ತಲೆಮಾರಿನ ಮಕ್ಕಳನ್ನು ನಗಿಸತೊಡಗಿದ್ದವು.